ಕಾವಲುಗಾರನ ಬೀಗದ ಕೈ ಯಾರ ಸೊಂಟದಲ್ಲಿದೆ?

ಲೋಕಪಾಲ ಎಂಬ ಮಾತು ಈ ದೇಶದಲ್ಲಿ ಹುಟ್ಟಿದ್ದು ೧೯೬೩ರಲ್ಲಿ. ಅದಕ್ಕೊಂದು ಕಾನೂನು ಬಂದದ್ದು ೨೦೧೩ರಲ್ಲಿ. ಆ ಕುರ್ಚಿಯ ಮೇಲೆ ಮೊದಲ ಮನುಷ್ಯ ಕುಳಿತದ್ದು ೨೦೧೯ರ ಮಾರ್ಚಿಯಲ್ಲಿ. ಐವತ್ತಾರು ವರ್ಷ! ಹದಿನೆಂಟರ ಹರೆಯದಲ್ಲಿ ಗಿರಣಿಯ ಬಾಗಿಲು ಹೊಕ್ಕ ಕಾರ್ಮಿಕನೊಬ್ಬ ದುಡಿದು, ಸವೆದು, ನಿವೃತ್ತನಾಗಿ, ಎಪ್ಪತ್ನಾಲ್ಕು ದಾಟುವಷ್ಟು ಕಾಲ. ಅಷ್ಟರಲ್ಲಿ ಸರ್ಕಾರಗಳು ಬಂದವು, ಹೋದವು. ಬಾವುಟದ ಬಣ್ಣ ಬದಲಾಯಿತು. ಆದರೆ ‘ನಮ್ಮ ಮೇಲೊಬ್ಬ ಕಾವಲುಗಾರನಿರಲಿ’ ಎಂದು ಮನಸಾರೆ ಹೇಳಿದ ಸರ್ಕಾರವನ್ನು ನಾವು ಕಾಣಲಿಲ್ಲ.

‘ಇದು ದಿಲ್ಲಿಯ ದೊಡ್ಡವರ ಜಗಳ, ನಮಗೇನು?’ ಎಂದು ಕೇಳುವವರು ನಮ್ಮ ಓದುಗರಲ್ಲಿಯೂ ಇದ್ದಾರೆ. ಅವರಿಗೆ ನಾವು ಮರುಪ್ರಶ್ನೆ ಹಾಕುತ್ತೇವೆ. ಗಿರಣಿ ಬಿಟ್ಟ ಕಾರ್ಮಿಕನ ಪ್ರಾವಿಡೆಂಟ್ ಫಂಡಿನ ಅರ್ಜಿ ತಿಂಗಳುಗಟ್ಟಲೆ ಮೇಜಿನ ಮೇಲೆ ಕೊಳೆತರೆ ಅವನು ಯಾರ ಬಾಗಿಲು ಬಡಿಯಬೇಕು? ಕಿರಾಣಿ ಅಂಗಡಿಯವನು ನಗರಸಭೆಯ ಲೈಸೆನ್ಸು ನವೀಕರಿಸಲು ಹೋದಾಗ, ತಕ್ಕಡಿಗೆ ಮುದ್ರೆ ಹಾಕಿಸಲು ಹೋದಾಗ, ಶುಲ್ಕದ ರಸೀದಿಯಲ್ಲಿ ಬಾರದ ಇನ್ನೊಂದು ಶುಲ್ಕವನ್ನು ಕೊಡಬೇಕಾಗುತ್ತದಲ್ಲ, ಅದರ ಲೆಕ್ಕ ಕೇಳುವವರು ಯಾರು? ದೇವರು ಕೊಟ್ಟರೂ ಪೂಜಾರಿ ಕೊಡ ಎಂಬ ಗಾದೆ ಗುಡಿಯ ವಿಚಾರವಾಗಿ ಹುಟ್ಟಿದ್ದಿರಬಹುದು. ಇಂದು ಅದು ಕಚೇರಿಯ ಗಾದೆ. ಸಾಹುಕಾರನಿಗೆ ವಕೀಲನಿದ್ದಾನೆ, ಮಂತ್ರಿಯ ಪರಿಚಯವಿದೆ, ಕೊನೆಗೆ ಹೈಕೋರ್ಟು ಇದೆ. ಒಂದು ದಿನದ ಕೂಲಿ ಬಿಟ್ಟು, ಅಂಗಡಿಯ ಬಾಗಿಲು ಹಾಕಿ ಕಚೇರಿಗೆ ಅಲೆಯುವವನಿಗೆ ಏನಿದೆ? ಲೋಕಪಾಲ, ಲೋಕಾಯುಕ್ತ ಎಂಬ ಹುದ್ದೆಗಳು ಬೇಕಾದುದು ಮೊದಲು ಅವನಿಗೆ.

ಈ ಕಲ್ಪನೆ ಹುಟ್ಟಿದ್ದೇ ಹಾಗೆ. ಸ್ವೀಡನ್ ದೇಶವು ೧೮೦೯ರಲ್ಲಿ ತನ್ನ ಸಂವಿಧಾನದಲ್ಲಿಯೇ ಇಂಥ ಒಬ್ಬ ಅಧಿಕಾರಿಯನ್ನು ನಿಲ್ಲಿಸಿತು. ಅವನನ್ನು ಆರಿಸುವುದು ಪಾರ್ಲಿಮೆಂಟು. ರಾಜನೂ ಅಲ್ಲ, ಮಂತ್ರಿಮಂಡಲವೂ ಅಲ್ಲ. ಅಲ್ಲಿ ಸೆರೆಮನೆಯ ಕೈದಿಯೂ ಅವನಿಗೆ ಕಾಗದ ಬರೆಯಬಹುದು. ಬೇಕೆನಿಸಿದರೆ ತಪ್ಪಿತಸ್ಥ ಅಧಿಕಾರಿಯ ಮೇಲೆ ಅವನೇ ಮೊಕದ್ದಮೆ ಹೂಡಬಹುದು. ಡೆನ್ಮಾರ್ಕ್ ೧೯೫೫ರಲ್ಲಿ, ನ್ಯೂಜಿಲೆಂಡ್ ೧೯೬೨ರಲ್ಲಿ ಇದನ್ನು ತಂದುಕೊಂಡವು. ಅಲ್ಲೆಲ್ಲ ಈ ಅಧಿಕಾರಿ ಲಂಚದ ವಿಚಾರ ಮಾತ್ರ ನೋಡುವವನಲ್ಲ. ವಿಳಂಬ, ಉದಾಸೀನ, ಉದ್ಧಟತನ, ಕಾರಣ ಹೇಳದೆ ಅರ್ಜಿ ತಳ್ಳಿಹಾಕುವುದು, ಇವೇ ಅವನ ದಿನನಿತ್ಯದ ಕೆಲಸ. ಏಕೆಂದರೆ ಬಡವನನ್ನು ಕೊಲ್ಲುವುದು ಲಂಚವೊಂದೇ ಅಲ್ಲ, ‘ನಾಳೆ ಬಾ’ ಎಂಬ ಮಾತು ಕೂಡ.

ನಮ್ಮಲ್ಲಿ ಏನಾಯಿತು? ೧೯೫೭ರಲ್ಲಿ ಮುಂಧ್ರಾ ಹಗರಣ ಹೊರಬಿತ್ತು. ಜೀವ ವಿಮಾ ನಿಗಮಕ್ಕೆ ಸಣ್ಣ ಜನ ಕಂತುಕಂತಾಗಿ ಕಟ್ಟಿದ ಹಣವು ಒಬ್ಬ ಸಟ್ಟಾ ವ್ಯಾಪಾರಿಯ ಕಂಪನಿಗಳಿಗೆ ಹರಿಯಿತು. ಹಣಕಾಸು ಮಂತ್ರಿ ಟಿ.ಟಿ. ಕೃಷ್ಣಮಾಚಾರಿಯವರು ೧೯೫೮ರಲ್ಲಿ ರಾಜೀನಾಮೆ ಕೊಟ್ಟರು. ಅದು ಬೆಳಕಿಗೆ ಬಂದದ್ದು ಫಿರೋಜ್ ಗಾಂಧಿಯಂಥ ಸದಸ್ಯರೊಬ್ಬರು ಸಭೆಯಲ್ಲಿ ಪಟ್ಟು ಹಿಡಿದುದರಿಂದ. ಪಟ್ಟು ಹಿಡಿಯುವವರು ಇಲ್ಲದಿದ್ದರೆ? ಆ ಪ್ರಶ್ನೆಗೆ ಉತ್ತರವೆಂದೇ ೧೯೬೩ರಲ್ಲಿ ಪಕ್ಷೇತರ ಸದಸ್ಯ ಎಲ್.ಎಂ. ಸಿಂಘ್ವಿಯವರು ಲೋಕಸಭೆಯಲ್ಲಿ ಲೋಕಪಾಲ ಎಂಬ ಪದವನ್ನು ಟಂಕಿಸಿದರು. ಅದೇ ವರ್ಷ, ಅದೇ ಸಭೆಯಲ್ಲಿ, ನಮ್ಮ ಲೋಹಿಯಾ ಅವರು ಪ್ರಧಾನಿಯ ಮೇಲೆ ದಿನಕ್ಕೆ ಇಪ್ಪತ್ತೈದು ಸಾವಿರ ರೂಪಾಯಿ, ಬಡ ಭಾರತೀಯನ ಪಾಲಿಗೆ ಮೂರಾಣೆ ಎಂಬ ಲೆಕ್ಕವನ್ನು ಮುಂದಿಟ್ಟು ಸರ್ಕಾರವನ್ನು ನಡುಗಿಸಿದರು. ಎರಡೂ ಒಂದೇ ಮಾತು. ಹಣ ನಮ್ಮದು, ಲೆಕ್ಕ ಕೊಡಿ.

೧೯೬೬ರಲ್ಲಿ ಆಡಳಿತ ಸುಧಾರಣಾ ಆಯೋಗವು ನಾಗರಿಕರ ಕುಂದುಕೊರತೆಗಳ ಬಗ್ಗೆ ವರದಿ ಕೊಟ್ಟು, ಕೇಂದ್ರದಲ್ಲಿ ಲೋಕಪಾಲ, ರಾಜ್ಯಗಳಲ್ಲಿ ಲೋಕಾಯುಕ್ತ ಇರಲಿ ಎಂದಿತು. ಕುಂದುಕೊರತೆ ಎಂಬ ಶಬ್ದವನ್ನು ಓದುಗರು ಗಮನಿಸಬೇಕು. ೧೯೬೮ರಲ್ಲಿ ಮಸೂದೆ ಬಂತು; ಲೋಕಸಭೆ ೧೯೬೯ರಲ್ಲಿ ಒಪ್ಪಿತು; ಮರುವರ್ಷ ಸಭೆಯೇ ವಿಸರ್ಜನೆಯಾಗಿ ಮಸೂದೆ ಸತ್ತಿತು. ಮತ್ತೆ ೧೯೭೧, ೧೯೭೭, ೧೯೮೫, ೧೯೮೯, ೧೯೯೬, ೧೯೯೮, ೨೦೦೧. ಇಷ್ಟು ಬಾರಿ ಹುಟ್ಟಿ ಇಷ್ಟು ಬಾರಿ ಸತ್ತ ಕೂಸು ಇನ್ನೊಂದಿಲ್ಲ. ೨೦೧೧ರಲ್ಲಿ ಜನ ಬೀದಿಗಿಳಿದ ಮೇಲೆ, ೨೦೧೩ರ ಡಿಸೆಂಬರಿನಲ್ಲಿ ಪಾರ್ಲಿಮೆಂಟು ಮಸೂದೆಯನ್ನು ಒಪ್ಪಿತು. ಕಾನೂನಾದ ಮೇಲೂ ಐದು ವರ್ಷ ಕುರ್ಚಿ ಖಾಲಿ! ಅಧಿಕೃತ ವಿರೋಧ ಪಕ್ಷದ ನಾಯಕನಿಲ್ಲ, ಆದುದರಿಂದ ಆಯ್ಕೆ ಸಾಧ್ಯವಿಲ್ಲ ಎಂಬ ನೆಪ. ಆ ನೆಪ ನಿಲ್ಲದು ಎಂದು ಸುಪ್ರೀಂ ಕೋರ್ಟು ೨೦೧೭ರ ಏಪ್ರಿಲಿನಲ್ಲಿ ಸ್ಪಷ್ಟವಾಗಿ ಹೇಳಿದರೂ, ನೇಮಕವಾದುದು ೨೦೧೯ರ ಚುನಾವಣೆಯ ಹೊಸ್ತಿಲಲ್ಲಿ. ಮೊದಲ ಅಧ್ಯಕ್ಷರ ಅವಧಿ ೨೦೨೨ರ ಮೇ ತಿಂಗಳಲ್ಲಿ ಮುಗಿಯಿತು. ೨೦೨೪ರ ಮಾರ್ಚಿಯವರೆಗೆ ಪೂರ್ಣ ಅಧ್ಯಕ್ಷರಿಲ್ಲ.

ಹೋಗಲಿ, ಬಂದವರು ಮಾಡಿದ್ದೇನು? ಈ ಸಂಸ್ಥೆ ಅದುವರೆಗೆ ಲಂಚದ ಆರೋಪ ಹೊತ್ತ ಒಬ್ಬನ ಮೇಲೂ ಮೊಕದ್ದಮೆ ನಡೆಸಿಲ್ಲವೆಂದು ೨೦೨೩ರಲ್ಲಿ ಪಾರ್ಲಿಮೆಂಟಿನ ಸ್ಥಾಯೀ ಸಮಿತಿಯೇ ಹೇಳಿತು. ವಿಚಾರಣೆಗೆ ತನ್ನದೇ ವಿಭಾಗ ಕಟ್ಟಿಕೊಳ್ಳಲು ಅದಕ್ಕೆ ೨೦೨೪ ಆಗಬೇಕಾಯಿತು. ಆದರೆ ೨೦೨೫ರ ಅಕ್ಟೋಬರಿನಲ್ಲಿ ಏಳು ಬಿ.ಎಂ.ಡಬ್ಲ್ಯೂ. ಕಾರುಗಳಿಗೆ ಟೆಂಡರು ಕರೆಯಲು ಮಾತ್ರ ತಡವಾಗಲಿಲ್ಲ! ದೇಶವೆಲ್ಲ ನಕ್ಕ ಮೇಲೆ ಅದನ್ನು ಕೈಬಿಟ್ಟರು. ಮೂರಾಣೆಯ ಲೆಕ್ಕ ಕೇಳಬೇಕಾದವರೇ ಇಪ್ಪತ್ತೈದು ಸಾವಿರದ ಸಾಲಿನಲ್ಲಿ ಕುಳಿತರೆ ನಾವು ಹೋಗುವುದೆಲ್ಲಿಗೆ?

ಆ ಕಾನೂನನ್ನು ತುಸು ಬಿಡಿಸಿ ನೋಡೋಣ. ಕೇಂದ್ರ ಸರ್ಕಾರದ ಜವಾನನಿಂದ ಮಂತ್ರಿಯವರೆಗೆ ಎಲ್ಲರೂ ಅದರ ವ್ಯಾಪ್ತಿಗೆ ಬರುತ್ತಾರೆ ಎಂಬುದು ನಿಜ. ಆದರೆ ಅದು ಕೇಳುವುದು ಭ್ರಷ್ಟಾಚಾರದ ಆರೋಪವನ್ನು ಮಾತ್ರ. ಪಿ.ಎಫ್. ಅರ್ಜಿ ಕೊಳೆಯಿತು ಎಂದರೆ ಅದಕ್ಕೆ ಕಿವಿಯಿಲ್ಲ. ೧೯೬೬ರ ‘ಕುಂದುಕೊರತೆ’ ಹಾರಿಹೋಯಿತು. ದೂರಿಗೆ ಪ್ರಮಾಣಪತ್ರ ಬೇಕು. ದೂರು ಸುಳ್ಳೆಂದು ತೀರ್ಮಾನವಾದರೆ ದೂರುದಾರನಿಗೆ ಒಂದು ವರ್ಷದವರೆಗೆ ಸಜೆ, ಒಂದು ಲಕ್ಷ ರೂಪಾಯಿಯವರೆಗೆ ದಂಡ. ದುರುದ್ದೇಶದ ದೂರುಗಳಿಗೆ ಕಡಿವಾಣ ಬೇಡವೆಂದು ನಾವು ಹೇಳುವುದಿಲ್ಲ. ಆದರೆ ಒಂದು ಲಕ್ಷವನ್ನು ಒಟ್ಟಿಗೆ ಕಣ್ಣಾರೆ ಕಾಣದವನಿಗೆ ಈ ಬೆದರಿಕೆ ಏನು ಹೇಳುತ್ತದೆ? ಮನೆಯಲ್ಲೇ ಇರು ಎನ್ನುತ್ತದೆ. ಅತ್ತ ಪ್ರಧಾನಿಯ ಮೇಲಿನ ದೂರಾದರೋ, ಅಧ್ಯಕ್ಷರೂ ಎಲ್ಲ ಸದಸ್ಯರೂ ಕೂಡಿದ ಪೀಠದಲ್ಲಿ ಮೂರರಲ್ಲಿ ಎರಡು ಪಾಲು ಜನ ಒಪ್ಪಬೇಕು, ವಿಚಾರಣೆ ಮುಚ್ಚಿದ ಬಾಗಿಲ ಹಿಂದೆ ನಡೆಯಬೇಕು, ದೂರು ವಜಾ ಆದರೆ ಕಡತವನ್ನು ಯಾರಿಗೂ ತೋರಿಸುವಂತಿಲ್ಲ. ಪ್ರಭುಗಳಿಗೆ ಕದ, ಬಡವನಿಗೆ ಕೋಳ!

ಈಗ ನಮ್ಮ ರಾಜ್ಯಕ್ಕೆ ಬರೋಣ. ಈ ವಿಚಾರದಲ್ಲಿ ಕರ್ನಾಟಕ ದೇಶಕ್ಕೆ ಪಾಠವಾಗುವಂಥ ರಾಜ್ಯ. ಒಳ್ಳೆಯದಕ್ಕೂ, ಕೆಟ್ಟದ್ದಕ್ಕೂ. ೧೯೮೪ರ ಕರ್ನಾಟಕ ಲೋಕಾಯುಕ್ತ ಕಾಯಿದೆಯು ರಾಮಕೃಷ್ಣ ಹೆಗಡೆಯವರ ಜನತಾ ಸರ್ಕಾರದ ಕೊಡುಗೆ. ಆ ಸರ್ಕಾರದಲ್ಲಿ ನಮ್ಮ ಹಳೆಯ ಸಂಗಾತಿಗಳೂ ಇದ್ದರು. ಅದರ ಕೀರ್ತಿಯಲ್ಲಿ ಅವರಿಗೆ ಪಾಲು ಸಲ್ಲಲಿ. ಆದರೆ ಯಾರೂ ದೂರು ಕೊಡದಿದ್ದರೂ ತಾನಾಗಿಯೇ ತನಿಖೆಗೆ ಇಳಿಯುವ ಅಧಿಕಾರವನ್ನು ೧೯೮೬ರಲ್ಲಿ ಕಿತ್ತುಕೊಂಡದ್ದೂ ಅದೇ ಸರ್ಕಾರ. ನಮ್ಮವರು ಮಾಡಿದರೆಂದು ನಾವು ಬಾಯಿ ಮುಚ್ಚಿಕೊಳ್ಳುವುದಿಲ್ಲ. ೨೦೧೦ರಲ್ಲಿ ಆ ಅಧಿಕಾರ ಮರಳಿದ್ದು ಉಪಲೋಕಾಯುಕ್ತರಿಗೆ. ಅಂದರೆ ಅಧಿಕಾರಿಗಳ ಮೇಲೆ ಮಾತ್ರ, ಮಂತ್ರಿಮಹಾಶಯರ ಮೇಲಲ್ಲ.

ಇಷ್ಟು ಮೊಂಡಾದ ಕತ್ತಿಯಿಂದಲೂ ಕೆಲಸವಾಯಿತು. ೨೦೦೧ರಿಂದ ೨೦೦೬ರವರೆಗೆ ನ್ಯಾಯಮೂರ್ತಿ ಎನ್. ವೆಂಕಟಾಚಲ ಅವರು ಆಸ್ಪತ್ರೆಗೆ, ತಾಲ್ಲೂಕು ಕಚೇರಿಗೆ ಹೇಳದೆ ಕೇಳದೆ ನುಗ್ಗಿದಾಗ ಗುಮಾಸ್ತರ ಕೈ ನಡುಗಿದುದನ್ನು ಜನ ಇಂದಿಗೂ ನೆನೆಯುತ್ತಾರೆ. ಬಳಿಕ ನ್ಯಾಯಮೂರ್ತಿ ಸಂತೋಷ್ ಹೆಗ್ಡೆಯವರು. ಬಳ್ಳಾರಿಯ ಮಣ್ಣು ಲಾರಿಗಟ್ಟಲೆ ಬಂದರಿಗೆ ಹೋಗುತ್ತಿದ್ದ ಕಾಲ ಅದು. ಬೇಲೆಕೇರಿ ಬಂದರಿನಲ್ಲಿ ಜಪ್ತಿಯಾದ ಅದಿರು ಲಕ್ಷಗಟ್ಟಲೆ ಟನ್ನಿನಷ್ಟು ಮಾಯವಾಯಿತು. ಅದರ ಜಾಡು ಹಿಡಿದ ಅರಣ್ಯಾಧಿಕಾರಿಯನ್ನು ಅಮಾನತಿಗೆ ಗುರಿಮಾಡಿದಾಗ, ಹೆಗ್ಡೆಯವರು ೨೦೧೦ರ ಜೂನಿನಲ್ಲಿ ರಾಜೀನಾಮೆ ಎಸೆದರು. ಮುಂದೆ ಹಿಂತೆಗೆದುಕೊಂಡು, ೨೦೧೧ರ ಜುಲೈ ೨೭ರಂದು ವರದಿ ಕೊಟ್ಟರು. ರಾಜ್ಯದ ಬೊಕ್ಕಸಕ್ಕೆ ೧೬,೦೮೫ ಕೋಟಿ ರೂಪಾಯಿ ನಷ್ಟವೆಂದು ಲೆಕ್ಕ. ಹೆಸರುಗಳು ಒಂದೇ ಪಕ್ಷದವಲ್ಲ. ನಾಲ್ಕೇ ದಿನದಲ್ಲಿ ಮುಖ್ಯಮಂತ್ರಿ ಬಿ.ಎಸ್. ಯಡಿಯೂರಪ್ಪನವರು ರಾಜೀನಾಮೆ ಕೊಟ್ಟರು. ಅವರ ಮೇಲೆ ಸಿ.ಬಿ.ಐ. ಹೂಡಿದ ಮೊಕದ್ದಮೆಯಲ್ಲಿ ೨೦೧೬ರಲ್ಲಿ ವಿಶೇಷ ನ್ಯಾಯಾಲಯ ಅವರನ್ನು ಖುಲಾಸೆ ಮಾಡಿತೆಂಬುದನ್ನೂ ಹೇಳುವುದು ನ್ಯಾಯ. ನಮ್ಮ ವಾದ ಒಬ್ಬರ ಮೇಲಲ್ಲ. ಒಂದು ಸ್ವತಂತ್ರ ಕಚೇರಿ ಕಾಗದದ ಮೇಲೆ ಸತ್ಯ ಬರೆದರೆ ಕುರ್ಚಿ ಅಲುಗುತ್ತದೆ ಎಂಬುದು ಆಗ ಎಲ್ಲ ಪಕ್ಷಗಳಿಗೂ ತಿಳಿಯಿತು.

ತಿಳಿದುದರ ಫಲ ಏನಾಯಿತೆಂದರೆ, ಎಲ್ಲರೂ ಸೇರಿ ಆ ಕಚೇರಿಯ ಕಾಲು ಮುರಿದರು. ೨೦೧೧ರ ಸೆಪ್ಟೆಂಬರಿನಿಂದ ೨೦೧೩ರ ಫೆಬ್ರವರಿಯವರೆಗೆ ಲೋಕಾಯುಕ್ತರ ಕುರ್ಚಿ ಖಾಲಿ. ಆಮೇಲೆ ೨೦೧೫ರಲ್ಲಿ ನಾಚಿಕೆಗೇಡಿನ ಸಂಗತಿ ನಡೆಯಿತು: ಲೋಕಾಯುಕ್ತರ ಮಗನೇ ದಾಳಿಯ ಹೆದರಿಕೆ ಹುಟ್ಟಿಸಿ ಅಧಿಕಾರಿಗಳಿಂದ ಹಣ ಕೇಳಿದ ಆರೋಪದಲ್ಲಿ ಬಂಧಿತನಾದ, ಲೋಕಾಯುಕ್ತರು ಆ ಡಿಸೆಂಬರಿನಲ್ಲಿ ಹುದ್ದೆ ಬಿಟ್ಟರು. ಸರ್ಕಾರಕ್ಕೆ ಅದೇ ಸುಗ್ಗಿ. ಮನೆ ಸೋರಿದರೆ ಹಂಚು ಬದಲಿಸಬೇಕು. ಇವರು ಮನೆಯನ್ನೇ ಕೆಡವಿದರು. ಕುರ್ಚಿ ಇನ್ನೂ ಖಾಲಿಯಿರುವಾಗಲೇ, ೨೦೧೬ರ ಮಾರ್ಚಿ ೧೪ರಂದು, ಸಿದ್ದರಾಮಯ್ಯನವರ ಕಾಂಗ್ರೆಸ್ ಸರ್ಕಾರವು ಒಂದು ಆಜ್ಞೆಯಿಂದ ಭ್ರಷ್ಟಾಚಾರ ನಿಗ್ರಹ ದಳವನ್ನು ಕಟ್ಟಿ, ಲೋಕಾಯುಕ್ತ ಪೊಲೀಸರ ಅಧಿಕಾರವನ್ನು ಅದಕ್ಕೆ ವರ್ಗಾಯಿಸಿತು. ಈ ದಳ ಯಾರ ಅಧೀನ? ಮುಖ್ಯಮಂತ್ರಿಯ ಅಧೀನ! ಅಂದರೆ ಮಂತ್ರಿಮಂಡಲದ ಮೇಲೆ ದೂರು ಬಂದರೆ ಮಂತ್ರಿಮಂಡಲದ ಯಜಮಾನನನ್ನು ಕೇಳಿ ತನಿಖೆ. ಆಮೇಲೆ ಬಂದ ಸರ್ಕಾರಗಳೂ ದಳವನ್ನು ಹಾಗೆಯೇ ಉಳಿಸಿಕೊಂಡವು. ವಿರೋಧದ ಬೆಂಚಿನಲ್ಲಿ ಕುಳಿತು ಅದನ್ನು ಬೈದ ಭಾರತೀಯ ಜನತಾ ಪಕ್ಷದವರಿಗೂ ಗದ್ದುಗೆ ಏರಿದೊಡನೆ ಅದು ರುಚಿಸಿತು. ರದ್ದು ಮಾಡಿದ್ದು ಶಾಸಕರಲ್ಲ. ೨೦೨೨ರ ಆಗಸ್ಟ್ ೧೧ರಂದು ಹೈಕೋರ್ಟು. ಆರು ವರ್ಷ ಹಾಳಾಯಿತು.

‘ಯೋಗ್ಯರನ್ನು ನೇಮಿಸಿದರೆ ಸಾಕು, ಕಾನೂನಿನ ಗೊಡವೆ ಏಕೆ?’ ಎನ್ನುವವರಿಗೆ ೨೦೧೫ ಮತ್ತು ೨೦೧೬ ಉತ್ತರ. ಒಳ್ಳೆಯ ಮನುಷ್ಯ ಬಂದಾಗ ಅವನ ಕೈ ಕಟ್ಟಿದರು, ಕೆಟ್ಟ ಹೆಸರು ಬಂದಾಗ ಸಂಸ್ಥೆಯನ್ನೇ ಕಟ್ಟಿಹಾಕಿದರು. ‘ಚುನಾಯಿತ ಸರ್ಕಾರದ ಮೇಲೆ ಇನ್ನೊಬ್ಬ ಯಜಮಾನನೇ?’ ಎಂಬ ದೊಡ್ಡ ಮಾತೂ ಇದೆ. ಯಜಮಾನನಲ್ಲ ಸ್ವಾಮಿ, ಲೆಕ್ಕಿಗ. ಅಂಗಡಿಯ ಮಾಲೀಕ ಗುಮಾಸ್ತನ ಕೈಗೆ ಗಲ್ಲಾಪೆಟ್ಟಿಗೆ ಕೊಟ್ಟು ಐದು ವರ್ಷ ಲೆಕ್ಕ ನೋಡದೆ ಇರುತ್ತಾನೆಯೇ?

ಇಂದಿಗೂ ಲೋಕಾಯುಕ್ತ ಪೊಲೀಸರು ಸರ್ಕಾರದಿಂದ ಎರವಲು ಬಂದವರು. ನಾಳೆ ಅದೇ ಸರ್ಕಾರದ ಠಾಣೆಗೆ ಮರಳಿ ಬಡ್ತಿ ಕಾಯಬೇಕಾದವರು. ಅಧಿಕಾರಿಯ ತಪ್ಪು ರುಜುವಾತಾಯಿತೆಂದು ಲೋಕಾಯುಕ್ತರು ಬರೆದರೆ ಅದು ಶಿಫಾರಸು ಮಾತ್ರ. ಸರ್ಕಾರ ಒಪ್ಪಲೂಬಹುದು, ಬಿಡಲೂಬಹುದು. ಸಾಲದೆಂದು ೨೦೧೮ರಲ್ಲಿ ಭ್ರಷ್ಟಾಚಾರ ತಡೆ ಕಾಯಿದೆಗೆ ೧೭ಎ ಎಂಬ ಕಲಮು ಸೇರಿಸಿ, ಅಧಿಕಾರಿಯ ತೀರ್ಮಾನಗಳ ಬಗ್ಗೆ ಪೊಲೀಸರು ವಿಚಾರಣೆ ಆರಂಭಿಸುವ ಮೊದಲೇ ಸರ್ಕಾರದ ಅನುಮತಿ ಬೇಕೆಂದರು. ನೇಮಕದ ಕೈ, ಪೊಲೀಸರ ಕೈ, ಹಣದ ಕೈ, ಕೊನೆಯ ಮಾತಿನ ಕೈ, ಈ ಬೀಗದ ಕೈಗಳೆಲ್ಲ ಯಾರನ್ನು ಕಾಯಬೇಕೋ ಅವರ ಸೊಂಟದಲ್ಲಿಯೇ ತೂಗುತ್ತಿವೆ.

ನಾವು ಕೇಳುವುದು ಚಂದ್ರಲೋಕವನ್ನಲ್ಲ. ಕುರ್ಚಿ ತೆರವಾಗುವ ಮೊದಲೇ ಮುಂದಿನವರ ಆಯ್ಕೆ ಮುಗಿಯಲಿ. ಆಯ್ಕೆಯಲ್ಲಿ ಸರ್ಕಾರದ ಕಡೆಯವರು ಹೆಚ್ಚಾಗದಿರಲಿ. ಲೋಕಾಯುಕ್ತಕ್ಕೆ ತನ್ನದೇ ಪೊಲೀಸರಿರಲಿ, ಅವರ ವರ್ಗ, ಬಡ್ತಿ ಅಲ್ಲಿಯೇ ನಡೆಯಲಿ. ಮಂತ್ರಿಯ ಮೇಲೆಯೂ ತಾನಾಗಿ ತನಿಖೆಗಿಳಿಯುವ ಅಧಿಕಾರ ಮರಳಲಿ. ಶಿಫಾರಸನ್ನು ತಳ್ಳುವ ಸರ್ಕಾರ ವಿಧಾನಸಭೆಯಲ್ಲಿ ಎದ್ದು ನಿಂತು ಕಾರಣ ಹೇಳಲಿ. ಎಲ್ಲಕ್ಕೂ ಮಿಗಿಲಾಗಿ, ದಿಲ್ಲಿಯ ಲೋಕಪಾಲನ ಕಿವಿ ಲಂಚಕ್ಕಷ್ಟೇ ಅಲ್ಲದೆ ‘ನಾಳೆ ಬಾ’ ಎಂಬುದಕ್ಕೂ ತೆರೆಯಲಿ. ಕಾರ್ಮಿಕನೊಬ್ಬ ಕನ್ನಡದಲ್ಲಿ, ಬಿಳಿ ಹಾಳೆಯ ಮೇಲೆ, ತನ್ನ ಜಿಲ್ಲೆಯಲ್ಲಿಯೇ ದೂರು ಕೊಡುವಂತಾಗಲಿ.

ಮುಂದಿನ ಚುನಾವಣೆಯಲ್ಲಿ ಮತ ಕೇಳಲು ನಿಮ್ಮ ಗಿರಣಿ ಗೇಟಿಗೆ, ನಿಮ್ಮ ಪೇಟೆ ಬೀದಿಗೆ ಬರುವ ಪ್ರತಿಯೊಬ್ಬ ಉಮೇದುವಾರನ ಮುಂದೆಯೂ, ಅವನು ನಮ್ಮ ಪಕ್ಷದವನೇ ಆಗಿರಲಿ, ಈ ಬೇಡಿಕೆಗಳನ್ನು ಇಡಿ. ಹೌದು ಅಥವಾ ಇಲ್ಲ ಎಂದು ಬರೆಸಿ, ಸಹಿ ಹಾಕಿಸಿಕೊಂಡು ನಮಗೆ ಕಳಿಸಿ. ಉತ್ತರ ಕೊಟ್ಟವರ ಹೆಸರನ್ನೂ ಕೊಡದವರ ಹೆಸರನ್ನೂ ಒಂದೇ ಅಳತೆಯ ಅಕ್ಷರದಲ್ಲಿ ಈ ಪತ್ರಿಕೆಯಲ್ಲಿ ಅಚ್ಚು ಹಾಕುತ್ತೇವೆ.