ಬಡ್ಡಿ ಲೆಕ್ಕಕ್ಕೆ ಸಿಗದ ಕಾಲ

ಮಕ್ಕಳೇ, ಕ್ಯಾಲೆಂಡರಿನ ಒಂದು ಹಾಳೆ ತಿರುವಿದರೆ ಒಂದು ತಿಂಗಳು ಮುಗಿಯಿತು. ನಿಮ್ಮ ಮನೆಯಲ್ಲೂ ಅಷ್ಟೇ, ನಮ್ಮ ಮನೆಯಲ್ಲೂ ಅಷ್ಟೇ. ಆದರೆ ಕಥೆಗಳಲ್ಲಿ ಬೇರೆ ಥರದ ಕ್ಯಾಲೆಂಡರುಗಳಿವೆ. ಇವತ್ತು ಅಂಥ ಎರಡರ ಲೆಕ್ಕ ನೋಡೋಣ.

ಮೊದಲನೆಯದು ನಮ್ಮ ಭಾಗವತದ್ದು. ಕಕುದ್ಮಿ ಎಂಬ ರಾಜ ತನ್ನ ಮಗಳು ರೇವತಿಗೆ ತಕ್ಕ ವರ ಯಾರೆಂದು ಕೇಳಲು ಅವಳನ್ನೂ ಕರೆದುಕೊಂಡು ಬ್ರಹ್ಮಲೋಕಕ್ಕೆ ಹೋದ. ಅಲ್ಲಿ ಗಂಧರ್ವರ ಹಾಡುಗಾರಿಕೆ ನಡೆದಿತ್ತು. ಮುಗಿಯಲಿ ಎಂದು ಕಾದ. ಮುಗಿದ ಮೇಲೆ ಬ್ರಹ್ಮ ನಕ್ಕುಬಿಟ್ಟ. ರಾಜ ಮನಸ್ಸಿನಲ್ಲಿಟ್ಟುಕೊಂಡಿದ್ದ ವರರು, ಅವರ ಮಕ್ಕಳು, ಮೊಮ್ಮಕ್ಕಳು ಯಾರೂ ಉಳಿದಿರಲಿಲ್ಲ. ಭೂಮಿಯಲ್ಲಿ 27 ಚತುರ್ಯುಗ ಕಳೆದಿತ್ತು! ಕೊನೆಗೆ ರೇವತಿ ಬಲರಾಮನ ಕೈಹಿಡಿದಳು.

ಒಂದು ಚತುರ್ಯುಗಕ್ಕೆ 43,20,000 ವರ್ಷ. 27ರಿಂದ ಗುಣಿಸಿದರೆ 11,66,40,000 ವರ್ಷ. ಬ್ರಹ್ಮನ ಒಂದು ಹಗಲೆಂದರೆ 1,000 ಚತುರ್ಯುಗ. ಹಗಲಿಗೆ 30 ಗಳಿಗೆ ಎಂದು ಹಿಡಿದರೆ ಆ ಕಛೇರಿ ನಡೆದದ್ದು ಮುಕ್ಕಾಲು ಗಳಿಗೆಗಿಂತ ಸ್ವಲ್ಪ ಹೆಚ್ಚು, ಅಂದರೆ ನಮ್ಮ ಗಡಿಯಾರದ ಹತ್ತೊಂಬತ್ತು ನಿಮಿಷ ಚಿಲ್ಲರೆ. ಒಂದು ಕೀರ್ತನೆಯನ್ನು ನಿಧಾನವಾಗಿ ಹಾಡಿ ಮುಗಿಸುವ ಹೊತ್ತು. ಅಂತರ ದೊಡ್ಡದು, ನಿಜ. ಆದರೆ ದರ ಒಂದೇ. ಪೆನ್ಸಿಲ್ ಇದ್ದರೆ ಸಾಕು, ಯಾರು ಬೇಕಾದರೂ ಲೆಕ್ಕ ಹಾಕಬಹುದು.

ಎರಡನೆಯದು ಸಿ.ಎಸ್. ಲೂಯಿಸ್ ಕಟ್ಟಿದ ನಾರ್ನಿಯಾ ಎಂಬ ಲೋಕದ್ದು. 1950ರಿಂದ 1956ರವರೆಗೆ ವರ್ಷಕ್ಕೊಂದರಂತೆ ಇದರ ಏಳು ಪುಸ್ತಕಗಳು ಇಂಗ್ಲಿಷಿನಲ್ಲಿ ಬಂದವು. ಲೂಯಿಸ್ ಬರೆದಿಟ್ಟಿದ್ದ ಕಾಲಪಟ್ಟಿಯೊಂದು ಅವರು ತೀರಿಕೊಂಡ ಮೇಲೆ ಪ್ರಕಟವಾಯಿತು. ಬ್ಯಾಂಕಿನಲ್ಲಿ ವರ್ಷಗಟ್ಟಲೆ ಬಡ್ಡಿ ಲೆಕ್ಕ ಹಾಕಿದ ನನಗೆ ಎರಡು ಅಂಕಿ ಕಂಡರೆ ದರ ಹುಡುಕುವ ಚಟ. ಈ ಪಟ್ಟಿಯನ್ನೂ ಬಿಡಲಿಲ್ಲ.

ಯುದ್ಧದ ಕಾಲ, 1940. ಬಾಂಬಿನ ಭಯದಿಂದ ಲಂಡನ್ನಿನಿಂದ ಹಳ್ಳಿಮನೆಗೆ ಕಳಿಸಿದ್ದ ನಾಲ್ಕು ಮಕ್ಕಳು ಬಟ್ಟೆಯ ಬೀರುವಿನೊಳಗಿಂದ ನಾರ್ನಿಯಾಕ್ಕೆ ಹೋಗುತ್ತಾರೆ. ಅಲ್ಲಿ ಅದು 1000ನೇ ವರ್ಷ. 15 ವರ್ಷ ರಾಜ-ರಾಣಿಯರಾಗಿ ಆಳಿ, ದೊಡ್ಡವರಾಗಿ, ಹಿಂದಿರುಗಿ ನೋಡಿದರೆ ಇಲ್ಲಿ ಹೊತ್ತೇ ಸರಿದಿಲ್ಲ. ಮತ್ತೆ ಅದೇ ಪುಟ್ಟ ಮಕ್ಕಳು. ಮರುವರ್ಷ ಹೋದರೆ ಅಲ್ಲಿ 2303. ಇಲ್ಲಿನ ಒಂದು ವರ್ಷಕ್ಕೆ ಅಲ್ಲಿ 1,288 ವರ್ಷ! ತಾವು ಆಳಿದ ಅರಮನೆ ಪಾಳುಬಿದ್ದಿದೆ. ತಾವು ನೆಟ್ಟಿದ್ದ ಸೇಬಿನ ತೋಟ ಗೋಡೆಯವರೆಗೂ ಹಬ್ಬಿದೆ. ಅಂದಿನ ಗೆಳೆಯರು ಒಬ್ಬರೂ ಇಲ್ಲ.

ಅದರ ಮುಂದಿನ ವರ್ಷ ಕಳೆದದ್ದು ಬರೀ 3 ವರ್ಷ. 1942ರ ಬೇಸಿಗೆಯಿಂದ ಅದೇ ವರ್ಷದ ಚಳಿ ಶುರುವಾಗುವ ಮುಂಚೆ ಸುಮಾರು 50 ವರ್ಷ. ಆಮೇಲೆ ಇಲ್ಲಿನ 7 ವರ್ಷಕ್ಕೆ ಅಲ್ಲಿ 199. ಸರಳಬಡ್ಡಿ ಹಿಡಿದು ನೋಡಿದೆ, ಚಕ್ರಬಡ್ಡಿ ಹಿಡಿದು ನೋಡಿದೆ, ಯಾವುದಕ್ಕೂ ಟ್ಯಾಲಿ ಆಗುವುದಿಲ್ಲ. ಲೂಯಿಸ್ ಬೇಕೆಂದೇ ದರ ಇಟ್ಟಿಲ್ಲ.

ಯಾಕೆ? ಉತ್ತರ ಆ 50 ವರ್ಷದಲ್ಲಿದೆ. ಯೂಸ್ಟೇಸ್ ಎಂಬ ಹುಡುಗ ಬೇಸಿಗೆಯಲ್ಲಿ ಅಲ್ಲಿಗೆ ಹೋಗಿ, ಕ್ಯಾಸ್ಪಿಯನ್ ಎಂಬ ತರುಣ ರಾಜನ ಜೊತೆ ಹಡಗಿನಲ್ಲಿ ತಿರುಗಿ ಬಂದಿದ್ದ. ಕೆಲವೇ ತಿಂಗಳಲ್ಲಿ ಮತ್ತೆ ಹೋದ. ಹಳೆಯ ಗೆಳೆಯನೊಬ್ಬ ಸಿಗುತ್ತಾನೆ, ಕೂಡಲೇ ಮಾತಾಡಿಸು ಎಂದು ಹೇಳಿ ಕಳಿಸಲಾಗಿತ್ತು. ದಡದಲ್ಲಿ ಒಬ್ಬ ಮುದುಕ ರಾಜ ಹಡಗು ಹತ್ತುತ್ತಿದ್ದ. ಯೂಸ್ಟೇಸ್ ಅವನ ಮುಖದಲ್ಲಿ ಗೆಳೆಯನನ್ನು ಹುಡುಕಲೇ ಇಲ್ಲ. ಅವನೇ ಕ್ಯಾಸ್ಪಿಯನ್ ಎಂದು ತಿಳಿಯುವಷ್ಟರಲ್ಲಿ ಹಡಗು ಹೋಗಿಯಾಗಿತ್ತು. ದರ ಗೊತ್ತಿದ್ದರೆ ಹುಡುಗ ಮೊದಲೇ ಲೆಕ್ಕ ಹಾಕಿಕೊಂಡು, ಮುದುಕನನ್ನೇ ಹುಡುಕುತ್ತಿದ್ದ. ಗೊತ್ತಿಲ್ಲದ ಕಡೆ ಒಂದೇ ದಾರಿ, ಕಂಡಾಗಲೇ ಮಾತಾಡಿಸಿಬಿಡುವುದು.

ನಮ್ಮ ಮನೆಗಳಲ್ಲೂ ಗೋಡೆಯ ಕ್ಯಾಲೆಂಡರ್ ಒಂದೇ, ಅನುಭವದ ದರ ಬೇರೆ ಬೇರೆ. ಏಳು ವರ್ಷದ ಮಗುವಿಗೆ ಒಂದು ವರ್ಷವೆಂದರೆ ಬಾಳಿನ ಏಳನೇ ಒಂದು ಪಾಲು. ಎಪ್ಪತ್ತರ ಅಜ್ಜನಿಗೆ ಎಪ್ಪತ್ತನೇ ಒಂದು. ಬೇಸಿಗೆ ರಜೆ ನಿಮಗೆ ಚಿಟಿಕೆ ಹೊಡೆದಂತೆ ಮುಗಿಯುತ್ತದೆ. ಫೋನಿಗೆ ಕಾಯುವ ಅಜ್ಜಿಗೆ ಒಂದು ವಾರವೇ ಯುಗ. ಅಪ್ಪ-ಅಮ್ಮಂದಿರೇ, ನೀವು ‘ಐದು ನಿಮಿಷ ಇರು’ ಎನ್ನುತ್ತೀರಲ್ಲ, ಪುಟ್ಟ ಮಗುವಿಗೆ ಅದು ಬ್ರಹ್ಮಲೋಕದ ಐದು ನಿಮಿಷ.

ಮಕ್ಕಳೇ, ಊರಿನಿಂದ ಅಜ್ಜಿ ‘ಯಾವಾಗ ಬರ್ತೀಯಾ ಪುಟ್ಟಾ?’ ಎಂದು ಕೇಳಿದರೆ ‘ಬರ್ತೀನಿ ಅಜ್ಜಿ’ ಎಂದಷ್ಟೇ ಹೇಳಿ ಫೋನ್ ಇಡಬೇಡಿ. ಅಮ್ಮನನ್ನು ಕೇಳಿ ತಾರೀಖು ಹೇಳಿ. ಅಜ್ಜಿ ಅದನ್ನು ಕ್ಯಾಲೆಂಡರಿನಲ್ಲಿ ಗುಂಡಗೆ ಸುತ್ತಿ ಇಟ್ಟುಕೊಳ್ಳುತ್ತಾರೆ.