ಮತವು ನೆಲದಲ್ಲಿ ಬೇರೂರುವ ಬಗೆ

ನಮ್ಮ ಸಾರಿಗೆ ಖಾರವನ್ನು ಕೊಡುವ ಮೆಣಸಿನಕಾಯಿಯೂ ಹಬ್ಬದ ಪಾಯಸಕ್ಕೆ ಬೀಳುವ ಗೋಡಂಬಿಯೂ ಈ ನೆಲದಲ್ಲಿ ಹುಟ್ಟಿದುವಲ್ಲ. ಹದಿನಾರನೆಯ ಶತಮಾನದಲ್ಲಿ ಪೋರ್ತುಗೀಸರ ಹಡಗುಗಳನ್ನೇರಿ ಅವು ಅಮೆರಿಕಾ ಖಂಡದಿಂದ ಬಂದುವು. ಆದರೂ ಅವು ಪರದೇಶದ ವಸ್ತುಗಳೆಂದು ಇಂದು ಯಾವ ಗೃಹಿಣಿಯೂ ಎಣಿಸಲಾರಳು. ಅದೇ ಹಡಗುಗಳಲ್ಲಿ ಪಾದ್ರಿಗಳೂ ಬಂದರು. ಅವರು ತಂದ ಮತವನ್ನು ಮಾತ್ರ ಈಗಲೂ ಅನೇಕರು ‘ಪರದೇಶದ ಮತ’ವೆಂದೇ ಕರೆಯುವುದುಂಟು. ಹಾಗೆ ಕರೆಯುವುದು ಎಷ್ಟರಮಟ್ಟಿಗೆ ಯುಕ್ತ? ಹೊರಗಿನಿಂದ ಬಂದ ಮತವೊಂದು ಒಂದು ನೆಲದ್ದಾಗುವುದು ಯಾವಾಗ? ಅದನ್ನು ಹಾಗೆ ಮಾಡುವವರು ಯಾರು? ಈ ತಿಂಗಳು ವಾಚಕಮಹಾಶಯರೊಡನೆ ಈ ವಿಷಯವನ್ನು ಕುರಿತು ಕೊಂಚ ವಿಚಾರಮಾಡಬೇಕೆಂದಿರುವೆವು. ವಿಷಯವೇನೋ ಬಹು ವಿಶಾಲವಾದುದು. ಆದರೆ ಅನ್ನವು ಬೆಂದಿತೇ ಎಂದು ತಿಳಿಯಲು ಪಾತ್ರೆಯೊಳಗಣ ಅಗುಳೆಲ್ಲವನ್ನೂ ಹಿಸುಕಿ ನೋಡಬೇಕಾದುದಿಲ್ಲ. ಸ್ಥಾಲೀಪುಲಾಕನ್ಯಾಯದಂತೆ ನಮ್ಮ ಪಡುವಣ ಕರಾವಳಿಯ ಒಂದೆರಡು ಅಗುಳುಗಳನ್ನು ನೋಡಿದರೆ ಸಾಕು.

ಮೊದಲು ಒಂದು ಮೂಲಭೇದವನ್ನು ಮನಸ್ಸಿಗೆ ತಂದುಕೊಳ್ಳಬೇಕು. ವೇದಾಧ್ಯಯನದಲ್ಲಿ ಶಬ್ದವೇ ಪ್ರಧಾನ. ಸ್ವರವು ತಪ್ಪಿದರೂ ವರ್ಣವು ತಪ್ಪಿದರೂ ಮಂತ್ರವು ಕೆಟ್ಟಿತೆಂದೇ ನಮ್ಮ ಹಿರಿಯರು ತಿಳಿದಿದ್ದರು. ಆದುದರಿಂದಲೇ ಪದ, ಕ್ರಮ, ಜಟೆ, ಘನ ಎಂಬ ಪಾಠಗಳಿಂದ ಅದಕ್ಕೆ ಕೋಟೆಯನ್ನು ಕಟ್ಟಿದರು. ಕ್ರೈಸ್ತಮತದ ಸ್ಥಿತಿಯು ಇದಕ್ಕೆ ತೀರ ಬೇರೆ. ಯೇಸುಸ್ವಾಮಿಯು ಜನರೊಡನೆ ಮಾತನಾಡಿದುದು ಅರಮಾಯಿಕ್ ಭಾಷೆಯಲ್ಲಿ. ಆತನ ಚರಿತ್ರೆಯನ್ನು ಹೇಳುವ ನಾಲ್ಕು ಸುವಾರ್ತೆಗಳು ನಮಗೆ ದೊರೆತಿರುವುದು ಗ್ರೀಕ್ ಭಾಷೆಯಲ್ಲಿ. ಎಂದರೆ, ಆ ಮತದ ಮೂಲಗ್ರಂಥದಲ್ಲಿಯೇ ಗುರುವಿನ ಮಾತು ಭಾಷಾಂತರವಾಗಿ ನಿಂತಿರುವುದು. ಯೆಹೂದ್ಯರಲ್ಲದವರು ಈ ಮತಕ್ಕೆ ಬರತೊಡಗಿದಾಗ, ಅವರು ಮೊದಲು ಸುನ್ನತಿಯನ್ನು ಮಾಡಿಸಿಕೊಂಡು ಯೆಹೂದ್ಯರ ಆಚಾರಗಳನ್ನೆಲ್ಲ ಹಿಡಿಯಬೇಕೇ ಎಂಬ ದೊಡ್ಡ ಚರ್ಚೆಯು ಮೊದಲನೆಯ ಶತಮಾನದ ಮಧ್ಯದಲ್ಲಿಯೇ ಯೆರೂಸಲೇಮಿನಲ್ಲಿ ನಡೆದು, ಬೇಕಾದುದಿಲ್ಲವೆಂದು ತೀರ್ಮಾನವಾಯಿತು. ಯಾವುದನ್ನು ಉಳಿಸಿಕೊಳ್ಳಬೇಕು, ಯಾವುದನ್ನು ಬಿಡಬಹುದು ಎಂಬ ಪ್ರಶ್ನೆಯು ಈ ಮತಕ್ಕೆ ಹುಟ್ಟಿನೊಡನೆಯೇ ಬಂದುದು. ನಮ್ಮ ದೇಶಕ್ಕೂ ಅದು ಪೋರ್ತುಗೀಸರಿಂದಲೇ ಮೊದಲಾಗಿ ಬಂದುದಲ್ಲ. ಮಲಯಾಳದೇಶದಲ್ಲಿ ಕ್ರೈಸ್ತರು ಬಹುಪೂರ್ವದಲ್ಲಿಯೇ ನೆಲೆಸಿದ್ದರೆಂಬುದಕ್ಕೆ ಕ್ರಿ.ಶ. 849ರ ಕೊಲ್ಲಂ ತಾಮ್ರಶಾಸನವೇ ಸಾಕ್ಷಿಯಾಗಿದೆ.

ಇನ್ನು ನಮ್ಮ ಕರಾವಳಿಗೆ ಬರೋಣ. ಮಂಗಳೂರು ಸೀಮೆಯ ಕೊಂಕಣಿ ಕಥೋಲಿಕರಲ್ಲಿ ಹೆಚ್ಚಿನವರ ಪೂರ್ವಿಕರು ಗೋವೆಯ ಕಡೆಯವರು. ಆದುದರಿಂದ ಕಥೆಯನ್ನು ಗೋವೆಯಿಂದಲೇ ಹೇಳಬೇಕಾಗುವುದು. ಅಲ್ಲಿ ಮತಪ್ರಸಾರವು ರಾಜಬಲದೊಡನೆ ನಡೆಯಿತೆಂಬುದನ್ನು ಮರೆಮಾಚಬೇಕಾದುದಿಲ್ಲ. ದೇವಾಲಯಗಳನ್ನು ಕೆಡಹಿದರು, 1560ರಲ್ಲಿ ಇಂಕ್ವಿಸಿಷನ್ ಎಂಬ ಮತವಿಚಾರಣೆಯ ನ್ಯಾಯಸ್ಥಾನವನ್ನು ಸ್ಥಾಪಿಸಿದರು. ಅಂತಹ ಕಾಲದಲ್ಲಿ, 1579ರಲ್ಲಿ, ಥಾಮಸ್ ಸ್ಟೀಫನ್ಸ್ ಎಂಬ ಆಂಗ್ಲೇಯ ಜೆಸ್ವಿತ್ ಪಾದ್ರಿಗಳು ಗೋವೆಗೆ ಬಂದು, ಕೊಂಕಣಿಯನ್ನೂ ಮರಾಠಿಯನ್ನೂ ಆಸ್ಥೆಯಿಂದ ಕಲಿತರು. ಹೊಸದಾಗಿ ಕ್ರೈಸ್ತನಾದ ಬ್ರಾಹ್ಮಣನೊಬ್ಬನು, ನಮ್ಮ ಹಳೆಯ ಪುರಾಣಗಳನ್ನು ಬಿಡಿಸಿದಿರಿ, ಅವುಗಳ ಬದಲಿಗೆ ನಾವು ಓದತಕ್ಕ ಪುರಾಣವು ಯಾವುದು ಎಂಬ ಅರ್ಥದಲ್ಲಿ ಕೇಳಿದುದನ್ನು ಅವರು ತಮ್ಮ ಗ್ರಂಥದಲ್ಲಿಯೇ ಹೇಳಿರುವರು. ಆ ಪ್ರಶ್ನೆಗೆ ಉತ್ತರವಾಗಿ ಹುಟ್ಟಿದುದೇ ಕ್ರಿಸ್ತಪುರಾಣ. 1616ರಲ್ಲಿ ರಾಚೋಲಿನಲ್ಲಿ ಅಚ್ಚಾದ ಈ ಗ್ರಂಥದಲ್ಲಿ ಸುಮಾರು 11,000 ಓವಿಗಳುಂಟು. ಸ್ವರ್ಗಕ್ಕೆ ವೈಕುಂಠವೆಂಬ ಮಾತನ್ನೇ ಅಲ್ಲಿ ಬಳಸಿರುವರು. ಮೊದಲ ಮುದ್ರಣದ ಪ್ರತಿಯೊಂದೂ ಇಂದು ಉಳಿದಿಲ್ಲ. ಆದರೆ ಜನರು ಕೈಬರಹದ ಪ್ರತಿಗಳಲ್ಲಿ ಅದನ್ನು ಕಾಪಾಡಿಕೊಂಡು ಬಂದುದರಿಂದ 1907ರಲ್ಲಿ ಅದು ಮಂಗಳೂರಿನಲ್ಲಿ ಪುನಃ ಅಚ್ಚಾಯಿತು. ಗ್ರಂಥಕರ್ತರು ಬರೆದುದಕ್ಕಿಂತಲೂ ಜನರು ಉಳಿಸಿಕೊಂಡುದು ಇಲ್ಲಿ ಹೆಚ್ಚು ವಿಚಾರಾರ್ಹವಾದುದು.

ಗೋವೆಯ ಅಧಿಕಾರಿಗಳು ಹಿಡಿದ ದಾರಿಯು ಬೇರೆ. 1684ರಲ್ಲಿ ವೈಸರಾಯನು, ಮೂರು ವರ್ಷಗಳೊಳಗಾಗಿ ಜನರು ಕೊಂಕಣಿಯನ್ನು ಬಿಟ್ಟು ಪೋರ್ತುಗೀಸ್ ಭಾಷೆಯನ್ನೇ ಆಡಬೇಕೆಂದು ಆಜ್ಞೆ ಮಾಡಿದನು. 1736ರಲ್ಲಿ ಇಂಕ್ವಿಸಿಷನ್ನಿನವರು ಹೊರಡಿಸಿದ ಶಾಸನವಂತೂ ಗೃಹಸ್ಥರ ಅಡಿಗೆಮನೆಯವರೆಗೂ ಬಂದಿತು. ಮನೆಯ ಬಳಿ ತುಲಸಿಯನ್ನು ಬೆಳೆಸಕೂಡದು. ಮದುವೆಗೆ ಮುಂಚೆ ವಧೂವರರಿಗೆ ಅರಸಿನವನ್ನೂ ತೆಂಗಿನೆಣ್ಣೆಯನ್ನೂ ಹಚ್ಚಕೂಡದು. ಅನ್ನವನ್ನು ಉಪ್ಪಿಲ್ಲದೆ ಬೇಯಿಸಕೂಡದು. ಗಂಡಸರು ಪಂಚೆಯನ್ನುಡಕೂಡದು, ಹೆಂಗಸರು ಚೋಳಿಯನ್ನು ತೊಡಕೂಡದು! ಅನ್ನಕ್ಕೆ ಉಪ್ಪನ್ನು ಹಾಕಿದರೆ ಒಂದು ಮತ, ಹಾಕದಿದ್ದರೆ ಇನ್ನೊಂದು ಮತ ಎಂಬ ವಿವೇಚನೆಯನ್ನು ಕಂಡು ಇಂದು ನಗು ಬರಬಹುದು. ಆದರೆ ಅದಕ್ಕೆ ಸಿಕ್ಕಿ ನೊಂದವರಿಗೆ ಅದು ನಗುವಿನ ವಿಷಯವಾಗಿರಲಿಲ್ಲ.

ಈ ಹಿಂಸೆಯೂ, ಯುದ್ಧ ಕ್ಷಾಮಗಳೂ, ಕೃಷಿಯ ಆಸೆಯೂ ಕೂಡಿ ಅನೇಕ ಕುಟುಂಬಗಳು ಹದಿನಾರನೆಯ ಶತಮಾನದಿಂದ ಮೊದಲಾಗಿ ತೆಂಕಣಕ್ಕೆ ಬಂದು ಕನ್ನಡ ತುಳು ಸೀಮೆಗಳಲ್ಲಿ ನೆಲೆಸಿದುವು. ಅವರು ಶಿಲುಬೆಯನ್ನೂ ತಂದರು, ಕೊಂಕಣಿಯನ್ನೂ ತಂದರು. 1784ರಲ್ಲಿ ಟಿಪ್ಪುಸುಲ್ತಾನನು ಅವರನ್ನು ಸೆರೆಹಿಡಿದು ಶ್ರೀರಂಗಪಟ್ಟಣಕ್ಕೆ ಸಾಗಿಸಿದಾಗ ಆ ಸಮಾಜವೇ ಅಳಿಯುವಂತಾಗಿ, 1799ರ ತರುವಾಯ ಉಳಿದವರು ಹಿಂದಿರುಗಿ ಮತ್ತೆ ಮನೆಗಳನ್ನು ಕಟ್ಟಿಕೊಂಡರು. ಇಗರ್ಜಿಯಲ್ಲಿ ಪೂಜೆಯು ಲ್ಯಾಟಿನ್ ಭಾಷೆಯಲ್ಲಿ ನಡೆಯುತ್ತಿದ್ದ ಕಾಲದಲ್ಲಿಯೂ ಸಂಜೆಯ ಜಪಮಾಲೆಯ ಪ್ರಾರ್ಥನೆಯು ಮನೆಯಲ್ಲಿ ಕೊಂಕಣಿಯಲ್ಲಿಯೇ ನಡೆಯುತ್ತಿದ್ದಿತು. ಆ ಕೊಂಕಣಿಯನ್ನು ಅವರು ಇಲ್ಲಿ ಕನ್ನಡ ಲಿಪಿಯಲ್ಲಿ ಬರೆದರು. 1912ರ ‘ಕೊಂಕಣಿ ದಿರ್ವೆಂ’ ಪತ್ರಿಕೆಯೂ 1938ರಲ್ಲಿ ಹೊರಟ ‘ರಾಕ್ಣೊ’ ವಾರಪತ್ರಿಕೆಯೂ ನಮ್ಮ ಅಕ್ಷರಗಳಲ್ಲಿಯೇ ಅಚ್ಚಾದುವು.

ಈ ಮನೆಗಳ ಎರಡು ಆಚಾರಗಳನ್ನು ಇಲ್ಲಿ ಹೇಳುವೆವು. ಸೆಪ್ಟೆಂಬರ್ 8ನೆಯ ದಿನವು ಕನ್ಯಾಮರಿಯಮ್ಮನವರ ಜನ್ಮದಿನವೆಂದು ಲೋಕದ ಕಥೋಲಿಕರೆಲ್ಲರೂ ಆಚರಿಸುವರು. ನಮ್ಮ ಕರಾವಳಿಯಲ್ಲಿ ಅದು ಮುಂಗಾರಿನ ಬತ್ತವು ತೆನೆಗೂಡುವ ಕಾಲ. ಆದುದರಿಂದ ಇಲ್ಲಿ ಅದು ಮೊಂತಿ ಹಬ್ಬವೆಂಬ ತೆನೆಯ ಹಬ್ಬವಾಯಿತು. ಅದಕ್ಕೆ ಮುಂಚೆ ಒಂಬತ್ತು ದಿನ ಮಕ್ಕಳು ಹೂಗಳನ್ನು ತಂದು ಬಾಲಮರಿಯಮ್ಮನವರಿಗೆ ಅರ್ಪಿಸುವರು. ಹಬ್ಬದ ದಿನ ಪಾದ್ರಿಗಳು ಹೊಸ ತೆನೆಗಳನ್ನು ಆಶೀರ್ವದಿಸಿ ಮನೆಮನೆಗೆ ಕೊಡುವರು. ಮನೆಯಲ್ಲಿ ಆ ಕಾಳನ್ನು ಸುಲಿದು ಪುಡಿಮಾಡಿ ಹಾಲಿನಲ್ಲಿಯೋ ಪಾಯಸದಲ್ಲಿಯೋ ಬೆರಸಿ, ಪ್ರಾರ್ಥನೆಯಾದ ಮೇಲೆ ಹಿರಿಯರು ಎಲ್ಲರಿಗೂ ಹಂಚುವರು. ಅಂದಿನ ಊಟದಲ್ಲಿ ಮೀನುಮಾಂಸಗಳಿಲ್ಲ. ಬಾಳೆಯೆಲೆಯ ಮೇಲೆ ಬೆಸಸಂಖ್ಯೆಯ ಕಾಯಿಪಲ್ಯಗಳು. ಪರಸ್ಥಳದಲ್ಲಿರುವ ಮಕ್ಕಳಿಗೆ ಅಂಚೆಯಲ್ಲಿ ನಾಲ್ಕು ಕಾಳುಗಳನ್ನು ಕಳುಹಿಸುವುದೂ ಉಂಟು. ಮಲೆನಾಡಿನ ಹೊಸ್ತಿನ ಊಟವನ್ನೂ ಕೊಡಗಿನ ಹುತ್ತರಿಯನ್ನೂ ತುಳುನಾಡಿನಲ್ಲಿ ತೆನೆಕಟ್ಟುವುದನ್ನೂ ಬಲ್ಲ ಓದುಗರಿಗೆ ಇದರ ಅರ್ಥವನ್ನು ಬಿಡಿಸಿ ಹೇಳಬೇಕೇ? ಹೊಸ ಅಕ್ಕಿಯನ್ನು ದೇವರಿಗೆ ತೋರಿಸದೆ ಉಣ್ಣಬಾರದೆಂಬುದು ಈ ನೆಲದ ಬತ್ತ ಬೆಳೆಯುವವರೆಲ್ಲರ ಮರ್ಯಾದೆ.

ಎರಡನೆಯದು ಮದುವೆಯ ಹಿಂದಿನ ದಿನದ ‘ರೋಸ್’ ಎಂಬ ಶಾಸ್ತ್ರ. ವಧುವನ್ನೂ ವರನನ್ನೂ ಅವರವರ ಮನೆಗಳಲ್ಲಿ ಕುಳ್ಳಿರಿಸಿ, ತೆಂಗಿನಕಾಯಿಯ ಹಾಲನ್ನು ಮೈಗೆ ಹಚ್ಚಿ ಮಂಗಳಸ್ನಾನ ಮಾಡಿಸುವರು. ಹೆಂಗಸರು ‘ವೊವಿಯೊ’ ಎಂಬ ಹಾಡುಗಳನ್ನು ಹೇಳುವರು. ಮೊದಲು ಹಚ್ಚುವವರು ಶಿಲುಬೆಯ ಗುರುತನ್ನಿಡುವರು. 1736ರ ಶಾಸನವು ಯಾವುದನ್ನು ನಿಷೇಧಿಸಿದ್ದಿತೋ ಬಹುಮಟ್ಟಿಗೆ ಅದೇ ಇಲ್ಲಿ ನಡೆಯುತ್ತಿರುವುದು. ಗೋವೆಯಲ್ಲಿಯೂ ಅದು ಅಳಿಯಲಿಲ್ಲ. ಆ ನ್ಯಾಯಸ್ಥಾನವು 1812ರಲ್ಲಿ ಮುಚ್ಚಿಹೋಯಿತು. ಅಜ್ಜಿಯರ ಕೈಯ ತೆಂಗಿನ ಹಾಲು ಇಂದಿಗೂ ಬತ್ತಿಲ್ಲ. ರಾಜಶಾಸನಕ್ಕಿಂತ ಗೃಹಾಚಾರವು ಬಲವತ್ತರವೆಂಬುದಕ್ಕೆ ಇದಕ್ಕಿಂತ ಬೇರೆ ನಿದರ್ಶನವು ಬೇಕಾಗಿಲ್ಲ.

ಮಂಗಳೂರಿನಲ್ಲಿಯೇ ಇನ್ನೊಂದು ಬಗೆಯ ಬೇರೂ ಇಳಿಯಿತು. ಸ್ವಿಟ್ಜರ್ಲೆಂಡಿನ ಬಾಸೆಲ್ ಮಿಷನ್ನಿನವರು 1834ರಲ್ಲಿ ಅಲ್ಲಿಗೆ ಬಂದರು. ಅವರು ಜನರ ಭಾಷೆಯನ್ನು ಹಿಡಿದರು. ಮೋಗ್ಲಿಂಗ್ ಪಂಡಿತರು 1843ರಲ್ಲಿ ‘ಮಂಗಳೂರ ಸಮಾಚಾರ’ವನ್ನು ಹೊರಡಿಸಿದರು. ಕಿಟ್ಟೆಲ್ ಪಂಡಿತರು 1862ರಲ್ಲಿ ಕ್ರಿಸ್ತನ ಚರಿತ್ರೆಯನ್ನು ದೇಶೀಯ ಛಂದಸ್ಸಿನಲ್ಲಿ ‘ಕಥಾಮಾಲೆ’ಯಾಗಿ ಹೆಣೆದರು; 1894ರ ಅವರ ಮಹಾಕೋಶವನ್ನು ಅರಿಯದ ಕನ್ನಡ ಉಪಾಧ್ಯಾಯರಿಲ್ಲ. ಸಂಸ್ಕೃತವನ್ನು ಓದಿದ ನಮಗೆ ಕ್ರೈಸ್ತರ ಕನ್ನಡದಲ್ಲಿ ವಿಶೇಷವಾಗಿ ಕಾಣುವುದು ಅವರು ಆರಿಸಿದ ಮಾತುಗಳ ಜಾಣ್ಮೆ. ನೀರಿನಲ್ಲಿ ಮಾಡುವ ಸಂಸ್ಕಾರಕ್ಕೆ ‘ದೀಕ್ಷಾಸ್ನಾನ’ವೆಂದರು, ದೀಕ್ಷೆ, ಸ್ನಾನ ಎರಡೂ ಯಜ್ಞಶಾಲೆಯಿಂದ ಬಂದ ಮಾತುಗಳು. ಪ್ರಭುವನ್ನು ‘ಕರ್ತ’ನೆಂದರು, ವ್ಯಾಕರಣದಲ್ಲಿ ಕರ್ತೃವು ಇನ್ನೊಬ್ಬರ ಅಧೀನನಲ್ಲದವನು. ಸತ್ತು ಎದ್ದುದನ್ನು ಹೇಳುವಾಗ ‘ಪುನರ್ಜನ್ಮ’ವೆಂದರೆ ಅರ್ಥವೇ ಬೇರೆಯಾಗುವುದೆಂದು ‘ಪುನರುತ್ಥಾನ’ವೆಂದರು. ಒಂದು ಕಡೆ ನಮ್ಮ ಮಾತನ್ನು ಹಾಗೆಯೇ ತೆಗೆದುಕೊಂಡು, ಇನ್ನೊಂದು ಕಡೆ ಎಚ್ಚರದಿಂದ ಅದನ್ನು ಬಿಟ್ಟು ಪಕ್ಕದ ಮಾತನ್ನು ಹಿಡಿದಿರುವರು. 1844ರಲ್ಲಿ ದೀಕ್ಷಾಸ್ನಾನವನ್ನು ಪಡೆದ ಮಂಗಳೂರಿನ ಸಾರಸ್ವತ ಬ್ರಾಹ್ಮಣ ತರುಣರೊಬ್ಬರು ಹರ್ಮನ್ ಆನಂದರಾವ್ ಕೌಂಡಿನ್ಯರೆಂದು ಹೆಸರಾದರು. ಜರ್ಮನ್ ಹೆಸರಿನ ಮಗ್ಗುಲಲ್ಲಿ ಗೋತ್ರದ ಹೆಸರೂ ಉಳಿದುದನ್ನು ಗಮನಿಸಬೇಕು.

ಇಷ್ಟನ್ನು ಕೇಳಿದವರಿಗೆ, ನೆಲದಲ್ಲಿ ಇರುವುದೆಲ್ಲವನ್ನೂ ಹೀರಿಕೊಳ್ಳುವುದೇ ಬೇರೂರುವುದೆಂದು ತೋರಬಹುದು. ಇಲ್ಲಿಯೇ ನಾವು ನಿಂತು ಯೋಚಿಸತಕ್ಕದ್ದು. ನೆಲದಲ್ಲಿ ಸಾರವೂ ಉಂಟು, ಕ್ಷಾರವೂ ಉಂಟು. 1606ರಲ್ಲಿ ಮಧುರೆಗೆ ಬಂದ ರೊಬೆರ್ತೊ ದೆ ನೊಬಿಲಿ ಪಾದ್ರಿಗಳು ಕಾವಿಯನ್ನುಟ್ಟು, ಸಸ್ಯಾಹಾರಿಗಳಾಗಿ, ಸಂಸ್ಕೃತ ತಮಿಳುಗಳನ್ನು ಕಲಿತು ಸಂನ್ಯಾಸಿಗಳಂತೆ ಬಾಳಿದರು. ಅವರ ವಿದ್ವತ್ತಿಗೂ ತ್ಯಾಗಕ್ಕೂ ಕೈಮುಗಿಯಬೇಕು. ಆದರೆ ಆ ಪದ್ಧತಿಯಲ್ಲಿ ಮೇಲುಜಾತಿಯವರೊಡನೆ ಬೆರೆಯುವ ಗುರುವೇ ಬೇರೆ, ಕೆಳಗಿನವರೆನಿಸಿದವರೊಡನೆ ಬೆರೆಯುವ ಗುರುವೇ ಬೇರೆ ಎಂದಾಯಿತು. ರೋಮಿನ ಗುರುಪೀಠದ ಮುಂದೆ ಈ ವ್ಯಾಜ್ಯವು ನೂರು ವರ್ಷಗಳಿಗೂ ಮಿಕ್ಕಿ ನಡೆದು, 1744ರಲ್ಲಿ ಹದಿನಾಲ್ಕನೆಯ ಬೆನೆಡಿಕ್ಟರ ಆಜ್ಞೆಯಿಂದ ಮುಗಿಯಿತು. ಕರಾವಳಿಯ ಕೊಂಕಣಿ ಕಥೋಲಿಕರಲ್ಲಿಯೂ ಬಾಮಣ್, ಚಾರೊಡಿ, ಶುದಿರ್ ಎಂಬ ಭೇದಗಳು ಗೋವೆಯಿಂದ ಜೊತೆಗೇ ಬಂದು, ಹೆಣ್ಣು ಗಂಡುಗಳನ್ನು ಕೊಟ್ಟು ತರುವಲ್ಲಿ ಬಹುಕಾಲ ಎಣಿಕೆಗೆ ಬರುತ್ತಿದ್ದುವು. ಒಂದೇ ಬಟ್ಟಲಿನಿಂದ ಪ್ರಸಾದವನ್ನು ಕೊಳ್ಳುವವರು ಮದುವೆಯ ಮಾತಿನಲ್ಲಿ ಬೇರೆಯಾಗಿ ನಿಂತರು.

ಬಾಸೆಲ್ ಮಿಷನ್ನಿನವರು ಜಾತಿಯನ್ನು ಒಪ್ಪಲಿಲ್ಲ. ಸೇರಿದವರೆಲ್ಲರೂ ಒಂದೇ ಸಭೆಯಾಗಬೇಕೆಂದರು. ಅದಕ್ಕೂ ಬೆಲೆಯನ್ನು ತೆರಬೇಕಾಯಿತು. ಮತಕ್ಕೆ ಸೇರಿದವನಿಗೆ ಕುಟುಂಬವು ತಪ್ಪಿತು, ನೆಲವು ತಪ್ಪಿತು. ಕಳ್ಳು ಇಳಿಸುವುದನ್ನು ಬಿಡಬೇಕೆಂಬ ನಿಯಮದಿಂದ ಬಿಲ್ಲವರಿಗೆ ಕುಲಕಸುಬೂ ತಪ್ಪಿತು. ಹೊಟ್ಟೆಗೆ ದಾರಿಯಾಗಲೆಂದು ನೇಯ್ಗೆಯ ಸಾಲೆಗಳನ್ನೂ, 1865ರಲ್ಲಿ ಜೆಪ್ಪುವಿನಲ್ಲಿ ಹೆಂಚಿನ ಕಾರ್ಖಾನೆಯನ್ನೂ ತೆರೆದರು. ನಮ್ಮ ಹಳೆಯ ಮನೆಗಳ ಮೇಲಿರುವ ಮಂಗಳೂರು ಹೆಂಚಿನ ಹಿಂದೆ ಜಾತಿಯನ್ನು ಕಳೆದುಕೊಂಡವರ ಜೀವನದ ಕಥೆಯೊಂದು ಅಡಗಿರುವುದೆಂದು ಎಷ್ಟು ಮಂದಿ ಬಲ್ಲರು? ಹೀಗೆ ಒಬ್ಬರು ಊರಿನ ಆಚಾರವನ್ನು ಉಳಿಸಿಕೊಂಡು ಅದರ ಜೊತೆಗೆ ಅದರ ದೋಷವನ್ನೂ ಉಳಿಸಿಕೊಂಡರು. ಇನ್ನೊಬ್ಬರು ದೋಷವನ್ನು ಬಿಡಹೋಗಿ ಬಂಧುಬಳಗವನ್ನೂ ಕಳೆದುಕೊಂಡರು. ಇಬ್ಬರ ಸಂಕಟವೂ ನಿಜವಾದುದು.

ಈಚಿನ ಕಾಲದ ಮಾತೊಂದನ್ನು ಹೇಳಿ ಮುಗಿಸುವೆವು. 1962ರಿಂದ 1965ರವರೆಗೆ ರೋಮಿನಲ್ಲಿ ನಡೆದ ಮಹಾಸಭೆಯು ಪೂಜೆಯನ್ನು ಜನರ ಭಾಷೆಯಲ್ಲಿ ಮಾಡಲು ಬಾಗಿಲನ್ನು ತೆರೆಯಿತು. ಬೆಂಗಳೂರಿನಲ್ಲಿ 1967ರಲ್ಲಿ ಅಮಲೋರ್ಪವದಾಸ್ ಎಂಬ ಗುರುಗಳ ನೇತೃತ್ವದಲ್ಲಿ ಒಂದು ರಾಷ್ಟ್ರೀಯ ಕೇಂದ್ರವು ಸ್ಥಾಪಿತವಾಯಿತು. ನೆಲದ ಮೇಲೆ ಕುಳಿತುಕೊಳ್ಳುವುದು, ಮೊಣಕಾಲೂರುವ ಬದಲು ಅಂಜಲಿಬದ್ಧರಾಗಿ ನಮಸ್ಕರಿಸುವುದು, ಆರತಿಯೆತ್ತುವುದು, ಮೇಣದ ಬತ್ತಿಗೆ ಬದಲಾಗಿ ಎಣ್ಣೆಯ ದೀಪವನ್ನು ಹಚ್ಚುವುದು ಮೊದಲಾದ ಹನ್ನೆರಡು ಮಾರ್ಪಾಡುಗಳಿಗೆ 1969ರಲ್ಲಿ ರೋಮಿನ ಅನುಮತಿಯು ದೊರೆಯಿತು. ವಿಚಿತ್ರವೇನೆಂದರೆ, ಇವುಗಳನ್ನು ಅಡ್ಡಗಟ್ಟಿದವರಲ್ಲಿ ಇಲ್ಲಿಯ ಕ್ರೈಸ್ತ ಗೃಹಸ್ಥರೇ ಅನೇಕರಿದ್ದರು. ಇದು ನಮ್ಮ ಅಪ್ಪಅಜ್ಜಂದಿರ ಪದ್ಧತಿಯಲ್ಲ, ಬೇರೊಂದು ಮತದ ಪದ್ಧತಿ ಎಂದು ಅವರು ಆಕ್ಷೇಪಿಸಿದರು. ದೀಪವು ಇಲ್ಲಿಯದೇ, ಆರತಿಯೂ ಇಲ್ಲಿಯದೇ. ಆದರೂ ಅವುಗಳಿಗೆ ಒಡನೆಯೇ ದೊರೆಯದ ಸ್ವಾಗತವು ಹೊಸ ತೆನೆಗೆ ತಲೆಮಾರುಗಳಿಂದ ದೊರೆತಿದೆ. ಕಾರಣವು ಸ್ಪಷ್ಟ. ತೆನೆಯು ಗದ್ದೆಯಿಂದ ಮನೆಗೆ ಬಂದಿತು; ಮಾರ್ಪಾಡು ಮೇಲಿನಿಂದ ಬಂದಿತು.

ಆದಕಾರಣ ಮೊದಲು ಕೇಳಿದ ಪ್ರಶ್ನೆಗೆ ನಮ್ಮ ಉತ್ತರವಿದು. ಮತವನ್ನು ತರುವವರು ಪ್ರಚಾರಕರು. ಆದರೆ ಅದನ್ನು ನೆಲದ್ದಾಗಿ ಮಾಡುವವರು ತಾಯಿನುಡಿಯಲ್ಲಿ ಪ್ರಾರ್ಥಿಸುವ, ಹೊಸ ಅಕ್ಕಿಯನ್ನು ಹಂಚಿ ಉಣ್ಣುವ, ಮಗಳಿಗೆ ಮಂಗಳಸ್ನಾನ ಮಾಡಿಸುವ ಮನೆಯ ಜನರು. ಹಾಗೆ ಎಷ್ಟೋ ತಲೆಮಾರುಗಳು ಈ ಮಣ್ಣಿನ ಬೆಳೆಯನ್ನು ದೇವರಿಗೊಪ್ಪಿಸಿ ಉಂಡವರ ಮತವನ್ನು ಪರದೇಶದ್ದೆನ್ನುವುದು, ನಮ್ಮ ಸಾರಿನ ಮೆಣಸಿನಕಾಯಿಯನ್ನು ಪರದೇಶದ್ದೆಂದು ಎತ್ತಿಹಾಕಿದಂತೆ. ಇನ್ನು, ಆಚಾರದಲ್ಲಿ ಯಾವುದು ಸಾರ, ಯಾವುದು ಕ್ಷಾರ ಎಂಬುದನ್ನು ಸೋಸುವ ಕೆಲಸವು ಕ್ರೈಸ್ತ ಗೃಹಸ್ಥರಿಗೆ ಮಾತ್ರ ಬಂದುದಲ್ಲ. ಮನುಷ್ಯನನ್ನು ಮನುಷ್ಯನ ಹತ್ತಿರಕ್ಕೆ ತರುವುದು ಸಾರ, ದೂರಕ್ಕೆ ತಳ್ಳುವುದು ಕ್ಷಾರ. ಈ ಅಳತೆಗೋಲನ್ನು ನಮ್ಮ ನಮ್ಮ ಮನೆಗಳಲ್ಲಿಯೂ ಹಿಡಿದು ನೋಡಿದರೆ, ಬಿಡತಕ್ಕ ಆಚಾರವೊಂದೆರಡು ನಮ್ಮಲ್ಲಿಯೂ ಸಿಕ್ಕದೆ ಇರಲಾರವು.